ಧಾರವಾಡದಲ್ಲಿ ಓದಿದ ಕೀನ್ಯಾದ ಪಿಂಟೊ ಮತ್ತು ನಮ್ಮೂರಿನ ಜಮೀನಿನ ಪ್ರಶ್ನೆ

ಧಾರವಾಡದ ಕರ್ನಾಟಕ ಕಾಲೇಜಿನಲ್ಲಿ ಓದಿ ಹೆಸರು ಮಾಡಿದವರು ಯಾರು ಅಂತ ಕೇಳಿದರೆ ಗಿರೀಶ ಕಾರ್ನಾಡರಿಂದ ಶುರು ಮಾಡಿ ದೊಡ್ಡ ಪಟ್ಟಿಯನ್ನೇ ಹೇಳಬಹುದು. ಆ ಪಟ್ಟಿಗೆ ಸಾಮಾನ್ಯವಾಗಿ ಯಾರೂ ಸೇರಿಸದ ಒಂದು ಹೆಸರು ಪಿಯೊ ಗಾಮಾ ಪಿಂಟೊ. ಕೀನ್ಯಾದ ಸ್ವಾತಂತ್ರ್ಯ ಹೋರಾಟಗಾರ, ಪತ್ರಕರ್ತ, ಸಂಸದ. ಸ್ವತಂತ್ರ ಕೀನ್ಯಾದಲ್ಲಿ ಹತ್ಯೆಯಾದ ಮೊದಲ ರಾಜಕೀಯ ನಾಯಕ. ಗುಂಡೇಟು ಬಿದ್ದಾಗ ಅವರಿಗೆ 38 ಕೂಡ ತುಂಬಿರಲಿಲ್ಲ.

ನಾನು ಕೊಟ್ಟೂರು ಕಡೆಯವನು. ಕೂಡ್ಲಿಗಿ, ಕೊಟ್ಟೂರು, ಹಗರಿಬೊಮ್ಮನಹಳ್ಳಿ, ಹಡಗಲಿ, ಹರಪನಹಳ್ಳಿಯ ಹುಡುಗ ಹುಡುಗಿಯರಿಗೆ ಧಾರವಾಡ ಅಂದರೆ ಪಿಎಸ್‌ಐ, ಎಫ್‌ಡಿಎ, ಕೆಎಎಸ್ ಕೋಚಿಂಗ್. ಅಲ್ಲಿನ ಸಾಮಾನ್ಯ ಜ್ಞಾನದ ಪುಸ್ತಕಗಳಲ್ಲಿ ಆಫ್ರಿಕಾದ ನಾಯಕರು ಬಂದರೂ ಹೊಂದಿಸಿ ಬರೆಯಿರಿ ಲೆಕ್ಕದಲ್ಲಿ ಬರುತ್ತಾರೆ: ಘಾನಾಕ್ಕೆ ಎನ್‌ಕ್ರುಮಾ, ತಾಂಜಾನಿಯಾಕ್ಕೆ ನೈರೆರೆ, ಕೀನ್ಯಾಕ್ಕೆ ಕೆನ್ಯಾಟಾ. ಪಿಂಟೊ ಯಾವ ದೇಶಕ್ಕೂ ಅಧ್ಯಕ್ಷರಾಗಲಿಲ್ಲ, ಹಾಗಾಗಿ ಅವರ ಮೇಲೆ ಪ್ರಶ್ನೆ ಬರೋದಿಲ್ಲ. ಆದರೆ ಅವರು ಜೀವನಪೂರ್ತಿ ಹಿಡಿದುಕೊಂಡಿದ್ದ ಪ್ರಶ್ನೆ ನಮ್ಮ ಐದೂ ತಾಲ್ಲೂಕುಗಳಲ್ಲಿ ಇವತ್ತಿಗೂ ಜೀವಂತ. ಬ್ರಿಟಿಷರು ಹೋದ ಮೇಲೆ ಜಮೀನು ಯಾರ ಕೈಗೆ ಹೋಗಬೇಕು, ಯಾವ ದಾರಿಯಲ್ಲಿ ಹೋಗಬೇಕು ಅನ್ನೋದೇ ಆ ಪ್ರಶ್ನೆ.

ಪಿಂಟೊ ಹುಟ್ಟಿದ್ದು 1927ರ ಮಾರ್ಚ್ 31ರಂದು, ನೈರೋಬಿಯಲ್ಲಿ, ಗೋವಾ ಮೂಲದ ಕುಟುಂಬದಲ್ಲಿ. ತಂದೆ ವಸಾಹತು ಸರ್ಕಾರದ ನೌಕರ. ಎಂಟನೇ ವಯಸ್ಸಿಗೆ ಹುಡುಗನನ್ನು ಓದಲು ಭಾರತಕ್ಕೆ ಕಳಿಸಿದರು. ಗೋವಾದ ಅರ್ಪೋರಾದಲ್ಲಿ ಮೆಟ್ರಿಕ್ ಮುಗಿಸಿ ಧಾರವಾಡಕ್ಕೆ ಬಂದು ಎರಡು ವರ್ಷ ವಿಜ್ಞಾನ ಓದಿದರು. ಅದು ಕ್ವಿಟ್ ಇಂಡಿಯಾದ ಕಾಲ. ಆಗ ಧಾರವಾಡ ಮುಂಬೈ ಪ್ರಾಂತ್ಯದಲ್ಲಿತ್ತು, ನಮ್ಮ ತಾಲ್ಲೂಕುಗಳು ಮದ್ರಾಸಿನ ಕೈಯಲ್ಲಿದ್ದವು. ಧಾರವಾಡ ಜಿಲ್ಲೆಯ ಹೊಸರಿತ್ತಿಯಲ್ಲಿ ಮೈಲಾರ ಮಹಾದೇವಪ್ಪ ಪೊಲೀಸರ ಗುಂಡಿಗೆ ಬಲಿಯಾಗಿದ್ದು 1943ರ ಏಪ್ರಿಲ್ 1ರಂದು. ಹದಿನೈದು, ಹದಿನಾರರ ಹುಡುಗನೊಬ್ಬ ಇಂಥ ಊರಲ್ಲಿ ಇದ್ದುಕೊಂಡು ಬರೀ ಭೌತಶಾಸ್ತ್ರ ಓದುವುದು ಕಷ್ಟವೇ ಬಿಡಿ.

1944ರಲ್ಲಿ ವಾಯುಪಡೆಗೆ ಸೇರಿ ವಿಮಾನಗಳ ದುರಸ್ತಿ ನೋಡಿಕೊಳ್ಳುವ ಗ್ರೌಂಡ್ ಎಂಜಿನಿಯರ್ ತರಬೇತಿಗೆ ಹೋದರು. ಆಮೇಲೆ ಮುಂಬೈಯ ಅಂಚೆ ತಂತಿ ಇಲಾಖೆಯಲ್ಲಿ ನೌಕರಿ. ಅಲ್ಲಿ ಮುಷ್ಕರದಲ್ಲಿ ಪಾಲ್ಗೊಂಡರು. ಗೋವಾವನ್ನು ಪೋರ್ಚುಗೀಸರಿಂದ ಬಿಡಿಸುವ ಸಂಘಟನೆ ಕಟ್ಟಿದವರಲ್ಲಿ ಒಬ್ಬರಾದರು. ಸಿಕ್ಕಿಬಿದ್ದರೆ ಕೇಪ್ ವರ್ಡೆಯ ತರ್ರಫಾಲ್ ಸೆರೆ ಶಿಬಿರಕ್ಕೆ ಸಾಗಿಸುವ ಅಪಾಯವಿತ್ತು. 1949ರಲ್ಲಿ ಕೀನ್ಯಾಕ್ಕೆ ಮರಳಿದರು. ಎಂಜಿನಿಯರಿಂಗ್ ಕಲಿತು ಕೊನೆಗೆ ಪತ್ರಿಕೆಗೆ ಬರೆಯುತ್ತಾ ಕೂತವರು ಅಂತ ನನಗೆ ಅವರ ಮೇಲೆ ಒಂಚೂರು ಹೆಚ್ಚೇ ಅಕ್ಕರೆ. ಅದನ್ನು ಮೊದಲೇ ಹೇಳಿಬಿಡುತ್ತೇನೆ.

ಆಗಿನ ಕೀನ್ಯಾ ಮೂರಂತಸ್ತಿನ ಮನೆ ಇದ್ದಂತೆ. ಮೇಲೆ ಬಿಳಿಯರು, ಒಳ್ಳೆಯ ಎತ್ತರದ ಜಮೀನೆಲ್ಲ ಅವರಿಗೇ ಮೀಸಲು. ವೈಟ್ ಹೈಲ್ಯಾಂಡ್ಸ್ ಅನ್ನುವ ಹೆಸರೇ ಅದನ್ನು ಹೇಳುತ್ತದೆ. ನಡುವೆ ಭಾರತ ಮೂಲದವರು: ಅಂಗಡಿ, ಗುಮಾಸ್ತಿಕೆ, ರೈಲ್ವೆ ಕೆಲಸ. ಕೆಳಗೆ ಆಫ್ರಿಕನ್ನರು, ತಮ್ಮದೇ ನೆಲದಲ್ಲಿ ಕೂಲಿಗಳು. ನಡುವಿನ ಅಂತಸ್ತಿನವರಿಗೆ ಅವಮಾನವೂ ಇತ್ತು, ಸಂಪಾದನೆಯೂ ಇತ್ತು. ಹಾಗಾಗಿ ಬಹಳಷ್ಟು ಜನ ಸುಮ್ಮನಿದ್ದರು. ಪಿಂಟೊ ಕೆಳಗಿನವರ ಜತೆ ನಿಂತರು. ಕಾರ್ಮಿಕ ನಾಯಕ ಮಖನ್ ಸಿಂಗ್ ಅವರನ್ನು ಬ್ರಿಟಿಷರು 1950ರಲ್ಲೇ ಬಂಧಿಸಿದ್ದರು. ಪಿಂಟೊ ಡೈಲಿ ಕ್ರಾನಿಕಲ್ ಪತ್ರಿಕೆಯಲ್ಲಿ ಬರೆಯುತ್ತಾ, ಆಫ್ರಿಕನ್ ನಾಯಕರಿಗೂ ಭಾರತೀಯ ಸಂಘಟನೆಗಳಿಗೂ ನಡುವೆ ಓಡಾಡುತ್ತಾ ಕೆಲಸ ಮಾಡಿದರು. ಭಾರತೀಯರ ಭವಿಷ್ಯ ತಮ್ಮ ಅಂಗಡಿಯ ಭದ್ರತೆಯಲ್ಲಿಲ್ಲ, ಆಫ್ರಿಕನ್ನರ ಬಿಡುಗಡೆಯಲ್ಲಿದೆ ಅನ್ನೋದು ಅವರ ರಾಜಕೀಯದ ಮೊದಲ ಪಾಠ.

1952ರ ಅಕ್ಟೋಬರ್ 20ರಂದು ತುರ್ತು ಪರಿಸ್ಥಿತಿ ಘೋಷಣೆಯಾಯಿತು. ಜಮೀನು ಕಳೆದುಕೊಂಡವರು ಕಾಡು ಸೇರಿ ನಡೆಸಿದ ಮೌ ಮೌ ಬಂಡಾಯವನ್ನು ಬ್ರಿಟಿಷರು ಹೊಸಕಲು ಹೊರಟ ಹೊತ್ತು ಅದು. ಕೆನ್ಯಾಟಾ ಮತ್ತು ಸಂಗಾತಿಗಳ ವಿಚಾರಣೆಗೆ ವಕೀಲರನ್ನು ಹೊಂದಿಸಿದವರಲ್ಲಿ ಪಿಂಟೊ ಒಬ್ಬರು. ಬ್ರಿಟನ್ನಿನಿಂದ ಡಿ. ಎನ್. ಪ್ರಿಟ್ ಬಂದರು, ಭಾರತದಿಂದ ನೆಹರೂ ದಿವಾನ್ ಚಮನ್ ಲಾಲ್ ಅವರನ್ನು ಕಳಿಸಿದರು. ಕಾಡಿನಲ್ಲಿದ್ದವರಿಗೆ ಹಣ, ಆಯುಧ ತಲುಪಿಸುವುದರಲ್ಲೂ ಪಿಂಟೊ ಕೈಯಿತ್ತು ಎಂದು ಜತೆಗಾರರು ದಾಖಲಿಸಿದ್ದಾರೆ.

1954ರ ಜನವರಿಯಲ್ಲಿ ಎಮ್ಮಾ ಡಯಾಸ್ ಜತೆ ಮದುವೆ. ಮಾವ ಕೊಟ್ಟ ಹಣದಲ್ಲಿ ಪಿಂಟೊ ಕೊಂಡಿದ್ದು ಮುದ್ರಣ ಯಂತ್ರ ಅಂತ ಎಮ್ಮಾ ಮುಂದೆ ನೆನಪಿಸಿಕೊಂಡಿದ್ದಾರೆ. ಮದುವೆಯಾದ ಐದು ತಿಂಗಳಿಗೆ ಬಂಧನ. ಕಡಲ ನಡುವಿನ ಮಾಂಡಾ ದ್ವೀಪದಲ್ಲಿ ಸುಮಾರು ನಾಲ್ಕು ವರ್ಷ. ಬಗ್ಗದವರು ಅಂತ ಸರ್ಕಾರ ಗುರುತಿಸಿದ ಆಫ್ರಿಕನ್ ಬಂಡಾಯಗಾರರ ಜತೆಯಲ್ಲೇ ಅವರನ್ನು ಇಟ್ಟರು. ಆಮೇಲೆ ದೂರದ ಕಬರ್ನೆಟ್‌ನಲ್ಲಿ 1959ರ ಅಕ್ಟೋಬರ್‌ವರೆಗೆ ನಿರ್ಬಂಧ. ಅವರು ಒಳಗಿದ್ದಷ್ಟೂ ಕಾಲ ಹೊರಗೆ ಬದುಕು ನಡೆಸಿದ್ದು ಎಮ್ಮಾ.

ಹೊರಗೆ ಬಂದ ಮೇಲೆ ಸುಧಾರಿಸಿಕೊಳ್ಳಲಿಲ್ಲ. 1960ರಲ್ಲಿ ಕಾನು ಪಕ್ಷಕ್ಕೆ ಪತ್ರಿಕೆ ಶುರು ಮಾಡಿದರು, ಆಮೇಲೆ ಪ್ಯಾನ್ ಆಫ್ರಿಕನ್ ಪ್ರೆಸ್ ಕಟ್ಟಿದರು. 1961ರ ಚುನಾವಣೆಯಲ್ಲಿ ಪಕ್ಷ ಗೆಲ್ಲಲು ದುಡಿದರು. ಸೆರೆಯಿಂದ ಬಂದವರ ಕುಟುಂಬಗಳಿಗೆ ಹಣ ಕೂಡಿಸಿದರು. ಪೋರ್ಚುಗೀಸರ ಕೈಯಲ್ಲೇ ಇದ್ದ ಮೊಜಾಂಬಿಕ್ ಹೋರಾಟಕ್ಕೂ ಬೆಂಬಲವಾಗಿ ನಿಂತರು. 1963ರ ಡಿಸೆಂಬರ್ 12ರಂದು ಕೀನ್ಯಾ ಸ್ವತಂತ್ರವಾಯಿತು. 1964ರ ಜುಲೈನಲ್ಲಿ ಪಿಂಟೊ ಸಂಸತ್ತಿಗೆ ಬಂದರು.

ಕಥೆ ಇಲ್ಲಿಗೆ ಸುಖವಾಗಿ ಮುಗಿಯಬೇಕಿತ್ತು. ಪಿಂಟೊ ಅವರ ರಾಜಕೀಯ ಚಿಂತನೆಗೆ ನಿಜವಾದ ಪರೀಕ್ಷೆ ಶುರುವಾಗಿದ್ದೇ ಇಲ್ಲಿಂದ.

ಬಿಳಿಯರ ಜಮೀನನ್ನು ಏನು ಮಾಡಬೇಕು? ಸರ್ಕಾರದ ಉತ್ತರ ಹೀಗಿತ್ತು: ಮಾರುವವರು ಮನಸ್ಸಿದ್ದರೆ ಮಾರಲಿ, ಕೊಳ್ಳುವವರು ಕೊಳ್ಳಲಿ. ಬ್ರಿಟನ್ ಮತ್ತು ವಿಶ್ವಬ್ಯಾಂಕ್ ಸಾಲ ಕೊಡುತ್ತವೆ. ಹತ್ತು ಲಕ್ಷ ಎಕರೆಯ ಪುನರ್ವಸತಿ ಯೋಜನೆ ನಡೆದಿದ್ದು ಈ ಲೆಕ್ಕದ ಮೇಲೆ. ಅಂದರೆ ಯಾರ ಅಜ್ಜನಿಂದ ಜಮೀನು ಕಸಿದುಕೊಂಡಿದ್ದರೋ ಆ ಮೊಮ್ಮಗ ಸಾಲ ಮಾಡಿ ಅದನ್ನು ವಾಪಸ್ ಕೊಳ್ಳಬೇಕು. ಸಾಲ ಸಿಗದವನು ಕೂಲಿಯಾಗಿಯೇ ಇರಬೇಕು. ದುಡ್ಡು ಮತ್ತು ಅಧಿಕಾರ ಎರಡೂ ಇದ್ದ ಹೊಸ ನಾಯಕರು ದೊಡ್ಡ ದೊಡ್ಡ ತೋಟಗಳ ಮಾಲೀಕರಾದರು. ಇದನ್ನು ಪ್ರಶ್ನಿಸಿದ ಬಿಲ್ಡಾಡ್ ಕಗ್ಗಿಯಾ 1964ರಲ್ಲಿ ಸರ್ಕಾರದ ಹುದ್ದೆ ಕಳೆದುಕೊಂಡರು. ಪಿಂಟೊ ನಿಂತಿದ್ದು ಕಗ್ಗಿಯಾ ಮತ್ತು ಉಪಾಧ್ಯಕ್ಷ ಒಗಿಂಗಾ ಒಡಿಂಗಾ ಪರ. ಜಮೀನು ಇಲ್ಲದವನಿಗೆ ಬಾವುಟ ಮಾತ್ರ ಸಿಕ್ಕರೆ ಅದು ಅರ್ಧ ಸ್ವಾತಂತ್ರ್ಯವೂ ಅಲ್ಲ ಅನ್ನುವುದು ಈ ಗುಂಪಿನ ನಿಲುವು.

ಬರೀ ಭಾಷಣದಿಂದ ಇದು ಆಗೋದಿಲ್ಲ ಅಂತ ಪಿಂಟೊಗೆ ಗೊತ್ತಿತ್ತು. ಹಾಗಾಗಿ ಪಕ್ಷದ ಕಾರ್ಯಕರ್ತರಿಗೆ ತರಬೇತಿ ಕೊಡಲು 1964ರಲ್ಲಿ ಲುಮುಂಬಾ ಇನ್‌ಸ್ಟಿಟ್ಯೂಟ್ ಸ್ಥಾಪಿಸಲು ದುಡಿದರು. ಕಾಂಗೋದಲ್ಲಿ 1961ರಲ್ಲಿ ಕೊಲೆಯಾದ ಪ್ಯಾಟ್ರಿಸ್ ಲುಮುಂಬಾ ಹೆಸರು ಅದಕ್ಕೆ. ಅದೇ ಸಮಯದಲ್ಲಿ ಸಚಿವ ಟಾಮ್ ಎಂಬೋಯಾ ಸಾರಥ್ಯದಲ್ಲಿ ಸರ್ಕಾರ ಆಫ್ರಿಕನ್ ಸಮಾಜವಾದದ ಹೆಸರಲ್ಲಿ ಒಂದು ನೀತಿ ಪತ್ರ ಸಿದ್ಧಪಡಿಸುತ್ತಿತ್ತು. ಹೆಸರಲ್ಲಿ ಸಮಾಜವಾದ, ಒಳಗೆ ಖಾಸಗಿ ಬಂಡವಾಳಕ್ಕೆ ಭರವಸೆ. ಅದಕ್ಕೆ ಎದುರಾಗಿ ಪಿಂಟೊ ಬೇರೆ ಕರಡು ಬರೆಯುತ್ತಿದ್ದರು, ಸಂಸತ್ತಿನಲ್ಲಿ ಬೆಂಬಲ ಕೂಡಿಸುತ್ತಿದ್ದರು ಎಂದು ಅವರ ಬಳಗದವರು ಹೇಳುತ್ತಾ ಬಂದಿದ್ದಾರೆ.

1965ರ ಫೆಬ್ರವರಿ 21ರಂದು ನ್ಯೂಯಾರ್ಕಿನಲ್ಲಿ ಮಾಲ್ಕಂ ಎಕ್ಸ್ ಹತ್ಯೆಯಾಯಿತು. ಹಿಂದಿನ ವರ್ಷವಷ್ಟೇ ಅವರು ನೈರೋಬಿಗೆ ಬಂದಾಗ ಪಿಂಟೊ ಭೇಟಿಯಾಗಿದ್ದರು. ಮೂರೇ ದಿನಕ್ಕೆ, ಫೆಬ್ರವರಿ 24ರಂದು, ನೈರೋಬಿಯ ತಮ್ಮ ಮನೆ ಮುಂದೆ ಕಾರಿನಲ್ಲಿದ್ದ ಪಿಂಟೊ ಅವರನ್ನು ತೀರಾ ಹತ್ತಿರದಿಂದ ಗುಂಡು ಹಾರಿಸಿ ಕೊಂದರು. ಕಾರಿನಲ್ಲಿ ಪುಟ್ಟ ಮಗಳಿದ್ದಳು. ಕಿಸಿಲು ಮುಟುವಾ ಎಂಬ ಯುವಕನಿಗೆ ಶಿಕ್ಷೆಯಾಯಿತು. ತಾನು ಕೊಂದಿಲ್ಲ ಅಂತ ಹೇಳುತ್ತಲೇ ಆತ ಮೂವತ್ತೈದು ವರ್ಷ ಒಳಗಿದ್ದು 2001ರಲ್ಲಿ ಬಿಡುಗಡೆಯಾದ. ಕೊಲ್ಲಿಸಿದವರು ಯಾರು ಎಂಬುದಕ್ಕೆ ಯಾವ ನ್ಯಾಯಾಲಯವೂ ಉತ್ತರ ಕೊಟ್ಟಿಲ್ಲ. ಎಂಬೋಯಾ ಅವರ ನೀತಿ ಪತ್ರ ಅದೇ ವರ್ಷ ಹೊರಬಂದು ಅಂಗೀಕಾರವಾಯಿತು. ಲುಮುಂಬಾ ಇನ್‌ಸ್ಟಿಟ್ಯೂಟ್ ಅದೇ ವರ್ಷ ಮುಚ್ಚಿಹೋಯಿತು. ಮರುವರ್ಷ ಒಡಿಂಗಾ ಸರ್ಕಾರ ಬಿಟ್ಟರು. 1969ರಲ್ಲಿ ಎಂಬೋಯಾ ಅವರೇ ಗುಂಡಿಗೆ ಬಲಿಯಾದರು. ಎಮ್ಮಾ 1967ರಲ್ಲಿ ಮೂವರು ಹೆಣ್ಣುಮಕ್ಕಳ ಜತೆ ಕೆನಡಾಕ್ಕೆ ಹೋದರು. ಕೀನ್ಯಾ ಸರ್ಕಾರ ಪಿಂಟೊ ಹೆಸರಲ್ಲಿ ಅಂಚೆ ಚೀಟಿ ತಂದಿದ್ದು 2008ರಲ್ಲಿ.

ಪಿಂಟೊ ರಾಜಕೀಯದಲ್ಲಿ ಕೊರತೆ ಇರಲಿಲ್ಲವಾ? ಇತ್ತು. ತೆರೆಮರೆಯಲ್ಲಿ ಲೆಕ್ಕಾಚಾರ ಹಾಕುವವರು, ಸಮಾಜವಾದಿ ದೇಶಗಳ ನೆರವು ನೆಚ್ಚಿದವರು ಎಂಬ ಆರೋಪ ಅವರ ಮೇಲಿತ್ತು. ಪಕ್ಷದ ಒಳಗಿನಿಂದಲೇ ಪಕ್ಷವನ್ನು ತಿರುಗಿಸಬಹುದು ಅಂತ ನಂಬಿದ್ದರು. ಜಮೀನಿಲ್ಲದವರದ್ದೇ ಆದ ಬೇರೆ ಸಂಘಟನೆ ಹಳ್ಳಿಗಳಲ್ಲಿ ಗಟ್ಟಿಯಾಗಿ ಬೆಳೆದಿರಲಿಲ್ಲ. ಅದಕ್ಕೇ ಒಬ್ಬ ಮನುಷ್ಯ ಹೋದ ಮೇಲೆ ಇಡೀ ಕೆಲಸ ಕುಸಿಯಿತು. ಅವರು ದುಡಿದು ಕಟ್ಟಿದ ಪಕ್ಷ ಮುಂದೆ ದೇಶದ ಏಕೈಕ ಪಕ್ಷವಾಗಿ ಪ್ರಶ್ನೆ ಕೇಳುವವರ ಬಾಯಿ ಮುಚ್ಚಿಸಿತು.

ಇದನ್ನು ನಮ್ಮ ಕಡೆಗೆ ತಿರುಗಿಸಿ ನೋಡಿ. ಕರ್ನಾಟಕ ಕೀನ್ಯಾದ ದಾರಿ ಹಿಡಿಯಲಿಲ್ಲ. 1974ರ ಮಾರ್ಚ್ 1ರಿಂದ ಗೇಣಿ ಜಮೀನೆಲ್ಲ ಸರ್ಕಾರಕ್ಕೆ ಸೇರಿ, ಭೂ ನ್ಯಾಯಮಂಡಳಿಗಳ ಮೂಲಕ ಉಳುವವರ ಹೆಸರಿಗೆ ಬಂತು. ಗೇಣಿದಾರ ಹೆದರಬಾರದು ಅಂತ ಆ ಮಂಡಳಿಗಳಲ್ಲಿ ವಕೀಲರಿಗೇ ಅವಕಾಶ ಕೊಟ್ಟಿರಲಿಲ್ಲ. ಪಿಂಟೊ ಬದುಕಿದ್ದರೆ ದೇವರಾಜ ಅರಸು ಕಾನೂನನ್ನು ಆಸಕ್ತಿಯಿಂದ ಓದುತ್ತಿದ್ದರು ಅನ್ನಿಸುತ್ತೆ. ಆದರೆ ಗೇಣಿಯೂ ಇಲ್ಲದೆ ಬರೀ ಕೂಲಿ ಮಾಡುತ್ತಿದ್ದವರಿಗೆ ಆ ಕಾನೂನು ಮುಟ್ಟಲಿಲ್ಲ.

ಅವರು ಸರ್ಕಾರಿ ಭೂಮಿ ಹಸನು ಮಾಡಿ ಬಗರ್ ಹುಕುಂ ಸಾಗುವಳಿ ಮಾಡಿದರು. ನಮೂನೆ 50, ಆಮೇಲೆ 53, ಆಮೇಲೆ 57 ಅಂತ ಅರ್ಜಿ ಹಾಕುತ್ತಾ ತಲೆಮಾರು ಕಳೆಯಿತು. ಕೂಡ್ಲಿಗಿಯ ಮಳೆಯಾಶ್ರಿತ ಹೊಲಗಳಲ್ಲೂ, ಹರಪನಹಳ್ಳಿಯ ತಾಂಡಾಗಳಲ್ಲೂ ಈ ಅರ್ಜಿಗಳ ಸ್ವೀಕೃತಿ ಚೀಟಿ ಜೋಪಾನವಾಗಿ ಇಟ್ಟುಕೊಂಡವರಿದ್ದಾರೆ. ಹಗರಿಬೊಮ್ಮನಹಳ್ಳಿ, ಹಡಗಲಿ ಕಡೆ ತುಂಗಭದ್ರಾ ಹಿನ್ನೀರಿಗೆ ಹೊಲ ಕೊಟ್ಟ ಊರುಗಳಿವೆ. ಮಳೆ ಕೈಕೊಟ್ಟ ವರ್ಷ ಗುಳೆ ಹೋಗುವವರಲ್ಲಿ ಇವರೆಲ್ಲ ಇರುತ್ತಾರೆ. ಸಾಗುವಳಿ ಚೀಟಿ ಕೊಡುವ ಸಮಿತಿಗೆ ಅಧ್ಯಕ್ಷರು ಸ್ಥಳೀಯ ಶಾಸಕರು. ಹಾಗಾಗಿ ಕಾನೂನಿನ ಹಕ್ಕು ಊರಲ್ಲಿ ಶಾಸಕರ ಉಪಕಾರವಾಗಿ ಬದಲಾಗುವ ಅಪಾಯ ಯಾವಾಗಲೂ ಇದ್ದೇ ಇದೆ. ಕೀನ್ಯಾದಲ್ಲಿ ಕೂಡ ಜಮೀನು ಹಕ್ಕಾಗದೆ ಉಪಕಾರವಾಯಿತು, ಉಪಕಾರ ಓಟಾಯಿತು. 2020ರಲ್ಲಿ ನಮ್ಮ ಭೂಸುಧಾರಣಾ ಕಾಯ್ದೆಯ 79ಎ, 79ಬಿ ಕಲಂಗಳನ್ನು ತೆಗೆದ ಮೇಲೆ, ಕೃಷಿಕರಲ್ಲದ ದುಡ್ಡಿರುವವರೂ ಕೃಷಿ ಜಮೀನು ಕೊಳ್ಳಬಹುದು. ಮನಸ್ಸಿದ್ದವರು ಮಾರಲಿ, ದುಡ್ಡಿದ್ದವರು ಕೊಳ್ಳಲಿ ಅನ್ನುವ 1960ರ ದಶಕದ ನೈರೋಬಿಯ ತರ್ಕವೇ ಇದು.

ಪಿಂಟೊ ಬದುಕಿನಿಂದ ನಾನು ತೆಗೆದುಕೊಳ್ಳುವುದು ಇಷ್ಟು. ಜಮೀನಿನ ಹಂಚಿಕೆಯನ್ನು ನಾಯಕರ ಒಳ್ಳೆಯತನಕ್ಕೆ ಬಿಟ್ಟರೆ ಅದು ನಾಯಕರ ಜತೆಗೇ ಹೋಗುತ್ತದೆ. ಧಾರವಾಡದ ರೂಮಿನಲ್ಲಿ ಭೂಸುಧಾರಣೆ ಬಗ್ಗೆ ನೋಟ್ಸ್ ಮಾಡಿಕೊಳ್ಳುತ್ತಿರುವವರು ಮುಂದಿನ ಸಲ ಊರಿಗೆ ಹೋದಾಗ ಒಂದು ಕೆಲಸ ಮಾಡಬಹುದು. ನಿಮ್ಮೂರಲ್ಲಿ ನಮೂನೆ 57 ಹಾಕಿದವರು ಎಷ್ಟು, ಚೀಟಿ ಸಿಕ್ಕಿದ್ದು ಎಷ್ಟು ಜನಕ್ಕೆ, ಉಳಿದವು ಯಾಕೆ ತಿರಸ್ಕೃತವಾದವು ಅಂತ ತಾಲ್ಲೂಕು ಕಚೇರಿಗೆ ಮಾಹಿತಿ ಹಕ್ಕಿನಡಿ ಅರ್ಜಿ ಹಾಕಿ. ಉತ್ತರ ಬಂದ ಮೇಲೆ ಆ ಪಟ್ಟಿಯನ್ನು ಗ್ರಾಮಸಭೆಯಲ್ಲಿ ಜೋರಾಗಿ ಓದಿ.