ಕಾರಂತರೂ ನಮ್ಮೂರಿನ ಕೆಂಧೂಳೂ

ನಮ್ಮ ಊರು ಹೊಳಲ್ಕೆರೆ ತಾಲ್ಲೂಕಿಗೆ ಸೇರಿದ್ದು. ಊರ ಮುಂದಿನ ದಾರಿಯಲ್ಲಿ ಕಬ್ಬಿಣದ ಅದಿರಿನ ಲಾರಿಗಳು ಹೋಗುತ್ತವೆ. ಬೇಸಗೆ ಬಂದಿತೆಂದರೆ ದಾರಿಯ ಬದಿಯ ಅಡಕೆ ಮರಗಳ ಗರಿ ಹಸುರೋ ಕೆಂಪೋ ಎಂದು ಹೇಳುವುದು ಕಷ್ಟ. ಕಳೆದ ವರ್ಷ ನಾವು ನಾಲ್ವರು ಸಹಪಾಠಿಗಳು ಈ ಧೂಳನ್ನು ಕುರಿತು ಮೊಬೈಲ್ ಫೋನಿನಲ್ಲಿಯೇ ಒಂದು ಸಾಕ್ಷ್ಯಚಿತ್ರ ತೆಗೆಯಬೇಕೆಂದು ಹೊರಟೆವು. ಎರಡನೆಯ ದಿನವೇ ತೊಡಕು ಬಂದಿತು. ನನ್ನ ತಂದೆಯವರೇ ಅದಿರಿನ ಲಾರಿ ಓಡಿಸುವವರು. ನನ್ನ ಕಾಲೇಜಿನ ಫೀಸು ಬಂದದ್ದೂ ಅದರಿಂದಲೇ. ಕ್ಯಾಮೆರಾವನ್ನು ಯಾರ ಮುಖಕ್ಕೆ ಹಿಡಿಯಲಿ? ಚಿತ್ರ ಅಲ್ಲಿಗೇ ನಿಂತಿತು. ಆ ದಿನಗಳಲ್ಲಿ ನಮ್ಮ ಗ್ರಂಥಾಲಯದಲ್ಲಿ ಕುಳಿತು ನಾನು ಓದಿದ್ದು ಡಾ. ಕೋಟ ಶಿವರಾಮ ಕಾರಂತರ ಜೀವನವನ್ನು.

ಕಾರಂತರು 1902ನೆಯ ಅಕ್ಟೋಬರ್ 10ರಂದು ಉಡುಪಿಯ ಬಳಿಯ ಕೋಟದಲ್ಲಿ ಹುಟ್ಟಿದರು. ಗಾಂಧೀಜಿಯವರ ಅಸಹಕಾರದ ಕರೆಗೆ ಓಗೊಟ್ಟು ಕಾಲೇಜನ್ನು ಬಿಟ್ಟವರು ಮತ್ತೆ ಅತ್ತ ಹೋಗಲಿಲ್ಲ. ಖಾದಿ ಪ್ರಚಾರಕ್ಕೆಂದು ಊರೂರು ಅಲೆದರು. ಕಾದಂಬರಿ, ನಾಟಕ, ಯಕ್ಷಗಾನ, ಮಕ್ಕಳಿಗಾಗಿ ವಿಶ್ವಕೋಶ, ಅವರು ಕೈಯಿಡದ ಕ್ಷೇತ್ರವೇ ಇಲ್ಲವೆನ್ನಬೇಕು. ಸಿನಿಮಾ ಇನ್ನೂ ಮಾತು ಕಲಿಯುತ್ತಿದ್ದ ಕಾಲಕ್ಕೇ ‘ಡೊಮಿಂಗೋ’, ‘ಭೂತರಾಜ್ಯ’ ಎಂಬ ಮೂಕಚಿತ್ರಗಳನ್ನು ತೆಗೆದ ಸಾಹಸಿಗಳವರು. ಎಪ್ಪತ್ತು ದಾಟಿದ ಮೇಲೆ ತಮ್ಮ ‘ಕುಡಿಯರ ಕೂಸು’ ಕಾದಂಬರಿಯನ್ನು ‘ಮಲೆಯ ಮಕ್ಕಳು’ ಎಂಬ ಚಿತ್ರವಾಗಿ ತಾವೇ ನಿರ್ದೇಶಿಸಿದರು. 1977ರ ಸಾಲಿನ ಜ್ಞಾನಪೀಠ ಪ್ರಶಸ್ತಿ ಅವರದಾಯಿತು. ಅದಕ್ಕೂ ಮುಂಚೆ ತುರ್ತುಪರಿಸ್ಥಿತಿಯನ್ನು ಪ್ರತಿಭಟಿಸಿ ಪದ್ಮಭೂಷಣವನ್ನು ಹಿಂದಿರುಗಿಸಿದ್ದರು.

ನನ್ನನ್ನು ಹಿಡಿದು ನಿಲ್ಲಿಸಿದ್ದು ಅವರ ಮುಪ್ಪಿನ ದಿನಗಳು. 1997ರವರೆಗೆ ನಮ್ಮ ಜಿಲ್ಲೆಯಲ್ಲೇ ಇದ್ದ ಹರಿಹರದ ಎದುರು ದಡದಲ್ಲಿ ಮರದ ತಿರುಳು ತಯಾರಿಸುವ ದೊಡ್ಡ ಕಾರ್ಖಾನೆಯಿತ್ತು. ಅದರ ಕೊಳೆನೀರಿನಿಂದ ತುಂಗಭದ್ರೆ ಕೆಟ್ಟಿತು, ಮೀನು ಸತ್ತವು ಎಂದು ದಡದ ಹಳ್ಳಿಗರು ದೂರುತ್ತಿದ್ದರು. 1984ರಲ್ಲಿ ಸರ್ಕಾರವು ಅದೇ ಕಾರ್ಖಾನೆಯೊಡನೆ ಕೂಡಿ ಕರ್ನಾಟಕ ಪಲ್ಪ್‌ವುಡ್ಸ್ ಎಂಬ ಕಂಪೆನಿಯನ್ನು ಸ್ಥಾಪಿಸಿ, ಸುಮಾರು 30,000 ಹೆಕ್ಟೇರು ಗೋಮಾಳವೇ ಮುಂತಾದ ಜಮೀನಿನಲ್ಲಿ ನೀಲಗಿರಿ ಬೆಳೆಸಲು ಮುಂದಾಯಿತು. ದನ ಮೇಯುವ ನೆಲ, ಬಡವರ ಸೌದೆಯ ನೆಲ ಅದು. ಸಮಾಜ ಪರಿವರ್ತನ ಸಮುದಾಯದವರೊಡನೆ ಸರ್ವೋಚ್ಚ ನ್ಯಾಯಾಲಯದ ಮೊರೆಹೊಕ್ಕವರಲ್ಲಿ ಎಂಬತ್ತು ದಾಟಿದ್ದ ಕಾರಂತರೂ ಒಬ್ಬರು. 1987ರ ನವೆಂಬರ್ 14ರಂದು ಕುಸನೂರಿನಲ್ಲಿ ಜನರು ನೀಲಗಿರಿ ಸಸಿಗಳನ್ನು ಕಿತ್ತು, ತಮಗೆ ಬೇಕಾದ ಸಸಿಗಳನ್ನು ನೆಟ್ಟರು. ಮುಂದೆ ಆ ಕಂಪೆನಿ ಮುಚ್ಚಿತು. ಕೈಗಾ ಅಣುಸ್ಥಾವರವನ್ನು ವಿರೋಧಿಸಿ 1989ರಲ್ಲಿ ಕಾರಂತರು ಲೋಕಸಭೆಗೂ ಸ್ಪರ್ಧಿಸಿದರು, ಸೋತರು. ಸ್ಥಾವರವೂ ಎದ್ದು ನಿಂತಿತು. 1997ರ ಡಿಸೆಂಬರ್ 9ರಂದು ಅವರು ತೀರಿಕೊಂಡರು.

ಕಥೆ ಅಲ್ಲಿಗೆ ಮುಗಿಯಲಿಲ್ಲ. ಅದೇ ಸಮುದಾಯವು ಹೂಡಿದ ಮತ್ತೊಂದು ಮೊಕದ್ದಮೆಯಲ್ಲಿ ಸರ್ವೋಚ್ಚ ನ್ಯಾಯಾಲಯವು 2011ರ ಆಗಸ್ಟ್‌ನಲ್ಲಿ ನಮ್ಮ ಜಿಲ್ಲೆಯ ಗಣಿಗಾರಿಕೆಯನ್ನೂ ನಿಲ್ಲಿಸಿತು. ಮುಂದೆ ಷರತ್ತುಗಳ ಮೇಲೆ ಕೆಲವು ಗಣಿಗಳು ತೆರೆದವು. ನಾನಾಗ ಸಣ್ಣವನು. ಲಾರಿಗಳು ನಿಂತವು, ಧೂಳೂ ನಿಂತಿತು. ತಂದೆಯವರು ಜಗಲಿಯ ಮೇಲೆ ಸುಮ್ಮನೆ ಕುಳಿತಿರುತ್ತಿದ್ದುದು ಮಾತ್ರ ನೆನಪಿದೆ.

ಕಾರಂತರ ಬಾಳಿನಿಂದ ನಾನು ಕಲಿತದ್ದು ಇಷ್ಟು: ಕಂಡದ್ದನ್ನು ಅಡಗಿಸಬಾರದು, ಗೆಲ್ಲುವೆವೆಂಬ ಭರವಸೆಯಿಲ್ಲವೆಂದು ಸುಮ್ಮನಿರಲೂ ಬಾರದು. ಅವರ ಕಾದಂಬರಿಗಳು ನೆಲವನ್ನು ಪ್ರೀತಿಸಿದಷ್ಟೇ ಅದರ ಮೇಲೆ ದುಡಿಯುವವರನ್ನೂ ಪ್ರೀತಿಸಿದವು. ಆದ್ದರಿಂದ ನಮ್ಮ ಚಿತ್ರವನ್ನು ಮತ್ತೆ ಆರಂಭಿಸಿದ್ದೇವೆ. ಕೆಂಪಾದ ಗರಿಗಳ ಜೊತೆಗೆ ಅದರಲ್ಲಿ ಜಗಲಿಯೂ ಇರುತ್ತದೆ. ತಂದೆಯವರನ್ನು ಕೇಳಿದೆ, ಮೊದಲು ನಕ್ಕರು, ಅನಂತರ ಹೆಗಲ ಮೇಲಿನ ಟವೆಲಿನಿಂದ ಮುಖದ ಧೂಳನ್ನು ಒರೆಸಿಕೊಳ್ಳಹೊರಟರು. ಒರೆಸದೆ ಹಾಗೆಯೇ ಕುಳಿತುಕೊಳ್ಳಿರೆಂದು ಬೇಡಿಕೊಂಡೆ. ಅವರು ಕುಳಿತರು.