ಬಣ್ಣಗಳಿಗೆ ಚಲನೆ ನೀಡಿದ ಪ್ರಮೋದ್ ಪತಿ

ಬೈಕುಲ್ಲಾ, ಲಾಲ್‌ಬಾಗ್, ಪರೇಲ್ ಪರಿಸರದ ಚಿತ್ರಮಂದಿರಗಳಲ್ಲಿ ಬಾಲ್ಯದ ಸಿನೆಮಾಗಳನ್ನು ಕಂಡ ನಮ್ಮ ಪೀಳಿಗೆಗೆ, ಮುಖ್ಯ ಚಿತ್ರಕ್ಕೆ ಮುನ್ನ ಬರುತ್ತಿದ್ದ ಫಿಲ್ಮ್ಸ್ ಡಿವಿಜನ್ನಿನ ಕಿರುಚಿತ್ರಗಳು ನೆನಪಿರಬಹುದು. ಅವುಗಳ ಪ್ರದರ್ಶನ ಆಗ ಕಡ್ಡಾಯವಾಗಿತ್ತು. ನಮ್ಮಲ್ಲಿ ಹೆಚ್ಚಿನವರು ಆ ಹೊತ್ತನ್ನು ಚಹಾ, ಬಟಾಟೆ ವಡೆಗಳಿಗೆ ಮೀಸಲಿಡುತ್ತಿದ್ದೆವು. ಹಾಗೆ ನಾವು ಹೊರಗುಳಿದು ಕಳೆದುಕೊಂಡ ಕಲಾವಿದರಲ್ಲಿ ಪ್ರಮೋದ್ ಪತಿಯವರು ಪ್ರಮುಖರು.

1932ರಲ್ಲಿ ಒಡಿಶಾದಲ್ಲಿ ಜನಿಸಿದ ಪತಿಯವರು ಪ್ರಾಗ್ ನಗರಕ್ಕೆ ತೆರಳಿ, ಗೊಂಬೆಚಿತ್ರಗಳಿಗೆ ಜಗದ್ವಿಖ್ಯಾತರಾದ ಯಿರ್ಝಿ ತ್ರ್ನ್ಕಾ ಅವರಲ್ಲಿ ಅನಿಮೇಶನ್ ಕಲೆಯನ್ನು ಅಭ್ಯಸಿಸಿದರು. ಮರಳಿ ಬಂದು ಮುಂಬಯಿಯ ಫಿಲ್ಮ್ಸ್ ಡಿವಿಜನ್ನಿನಲ್ಲಿ ಸೇವೆ ಸಲ್ಲಿಸಿದರು. ಸರಕಾರದ ಸಂದೇಶವನ್ನು ಜನರಿಗೆ ತಲುಪಿಸುವುದು ಅಲ್ಲಿನ ಕೆಲಸ. ಕುಟುಂಬ ಯೋಜನೆಯ ಪ್ರಚಾರಚಿತ್ರವೂ ಅವರ ಕೈಯಲ್ಲಿ ಪ್ರಯೋಗವಾಯಿತು. 1968ರ 'ಕ್ಲ್ಯಾಕ್ಸ್‌ಪ್ಲೋಶನ್' ಅದಕ್ಕೆ ನಿದರ್ಶನ.

ಅದೇ ವರ್ಷದ 'ಎಕ್ಸ್‌ಪ್ಲೋರರ್' ಚಿತ್ರದಲ್ಲಿ ಕಥೆಯಿಲ್ಲ, ನಿರೂಪಕನ ಧ್ವನಿಯಿಲ್ಲ. ಕುಣಿಯುವ ಯುವಜನ, ಯಂತ್ರ, ಧರ್ಮ, ವಿಜ್ಞಾನಗಳ ದೃಶ್ಯಗಳು ಕಣ್ಣು ಹಿಡಿಯಲಾರದ ವೇಗದಲ್ಲಿ ಮಿಂಚಿ ಮರೆಯಾಗುತ್ತವೆ. 1970ರ 'ಟ್ರಿಪ್' ನಮ್ಮ ಮುಂಬಯಿಯ ಧಾವಂತವನ್ನೇ ವಸ್ತುವಾಗಿಸಿಕೊಂಡಿತು.

ಬಣ್ಣದ ಪ್ರಯೋಗ ಕಳೆಗಟ್ಟಿದ್ದು 1972ರ 'ಆಬಿದ್' ಚಿತ್ರದಲ್ಲಿ. ಚಿತ್ರಕಾರ, ಸಾಹಿತಿ ಆಬಿದ್ ಸುರತಿ ಅವರೇ ಅದರ ನಾಯಕ. ಜೀವಂತ ಮನುಷ್ಯನನ್ನು ಗೊಂಬೆಯಂತೆ ನಿಲ್ಲಿಸಿ, ಭಂಗಿ ಬದಲಿಸಿ, ಒಂದೊಂದೇ ಚೌಕಟ್ಟಾಗಿ ಸೆರೆಹಿಡಿಯುವ ಪಿಕ್ಸಿಲೇಶನ್ ವಿಧಾನ ಇಲ್ಲಿಯದು. ತೆರೆಯ ಮೇಲೆ ಸೆಕೆಂಡಿಗೆ 24 ಚೌಕಟ್ಟುಗಳು ಓಡಿದಾಗ ನಮ್ಮ ಕಣ್ಣು ಅವುಗಳನ್ನು ಬೆಸೆದು ಚಲನೆಯೆಂದು ಕಾಣುತ್ತದೆ. ಕೋಣೆಯ ತುಂಬ ಬಣ್ಣಗಳು ತಾವಾಗಿ ಹಬ್ಬಿದಂತೆ ತೋರುತ್ತವೆ. ಕೆಲವೇ ನಿಮಿಷಗಳ ಈ ಚಿತ್ರದ ಹಿಂದಿನ ತಾಳ್ಮೆ ಅಪಾರವಾದುದು.

1975ರಲ್ಲಿ ಪತಿಯವರು ಅಕಾಲದಲ್ಲಿ ನಿಧನರಾದರು. ಮುಂಬಯಿ ಅಂತಾರಾಷ್ಟ್ರೀಯ ಚಲನಚಿತ್ರೋತ್ಸವವು ಪ್ರಯೋಗಶೀಲ ಚಿತ್ರಕ್ಕೆ ಅವರ ಹೆಸರಿನ ಪ್ರಶಸ್ತಿಯನ್ನಿತ್ತು ಗೌರವಿಸಿದೆ.

ಬ್ಯಾಂಕು, ಕಚೇರಿಗಳಲ್ಲಿ ದುಡಿಯುವ ನಾವು ಹಾಡು, ಚಿತ್ರ, ಬರಹಗಳನ್ನು ನಿವೃತ್ತಿಯ ನಂತರಕ್ಕೆಂದು ಮುಂದೂಡುತ್ತಲೇ ಇರುತ್ತೇವೆ. ಪತಿಯವರಿಗೆ ನಿವೃತ್ತಿಯ ದಿನಗಳೇ ಒದಗಲಿಲ್ಲ. ಆದರೆ ಅವರು ಕಾಯಲೂ ಇಲ್ಲ. ವಹಿಸಿದ ಕೆಲಸದೊಳಗೇ ತಮ್ಮ ಕಲೆಗೆ ಎಡೆ ಮಾಡಿಕೊಂಡರು. ಅಂದು ಚಹಾಕ್ಕೆಂದು ಎದ್ದು ಹೋದ ನಾವು, ಇಂದಾದರೂ ಮಕ್ಕಳೊಡನೆ ಕುಳಿತು ಆ ಚಿತ್ರಗಳನ್ನು ನೋಡುವುದು ಅವರಿಗೆ ಸಲ್ಲಿಸಬಹುದಾದ ಗೌರವ.