ನಾಡಪ್ರಭು ಹಿರಿಯ ಕೆಂಪೇಗೌಡ: ತೆರಿಗೆ, ಕಾವಲು ಮತ್ತು ಅಧಿಕಾರದ ಎಲ್ಲೆ

ಯಲಹಂಕ ನಾಡಪ್ರಭು ಮನೆತನದ ಹಿರಿಯ ಕೆಂಪೇಗೌಡನು ಬೆಂಗಳೂರಿನ ನಿರ್ಮಾತೃವೆಂದೇ ನಾಡಿನ ನೆನಪಿನಲ್ಲಿ ಉಳಿದಿದ್ದಾನೆ. ಕೋಟೆ, ಪೇಟೆ, ಕೆರೆ, ಗುಡಿಗಳು ಆತನ ಜೀವನ ಕಥನದ ಸ್ಥಾಯಿ ಅಂಶಗಳಾಗಿವೆ. ಆದರೆ ಈ ನಿರ್ಮಾಣಗಳ ಹಿಂದಿದ್ದ ಅಧಿಕಾರ ಯಾವ ಸ್ವರೂಪದ್ದು ಎಂಬ ಪ್ರಶ್ನೆ ಜನಪ್ರಿಯ ಕಥನಗಳಲ್ಲಿ ಹಿಂದೆ ಸರಿದಿದೆ. ಆತನು ಸ್ವತಂತ್ರ ಅರಸನಲ್ಲ. ವಿಜಯನಗರದ ಅರಸರ ಅಧೀನದಲ್ಲಿದ್ದು, ತನ್ನ ನಾಡಿನ ಕಂದಾಯವನ್ನು ಸಂಗ್ರಹಿಸಿ ಮೇಲಕ್ಕೆ ಸಲ್ಲಿಸುವ, ಅದೇ ನಾಡಿನ ದಾರಿ, ಸಂತೆ, ಹಳ್ಳಿಗಳ ಕಾವಲಿಗೆ ಹೊಣೆಯಾಗುವ ನಾಡಪ್ರಭು. ಮೇಲಿನವರಿಗೆ ಹಣದ ಹೊಣೆ, ಕೆಳಗಿನವರಿಗೆ ರಕ್ಷಣೆಯ ಹೊಣೆ ಎಂಬ ಈ ಎರಡರ ನಡುವೆಯೇ ಆತನ ಬದುಕು ರೂಪುಗೊಂಡಿತು. ಆತನ ಏಳಿಗೆ, ಸೆರೆವಾಸ ಮತ್ತು ಮರುಸ್ಥಾಪನೆಗಳನ್ನು ಈ ನೆಲೆಯಲ್ಲಿ ನೋಡಿದಾಗ ಮಧ್ಯಕಾಲೀನ ಕರ್ನಾಟಕದ ಸ್ಥಳೀಯ ಆಡಳಿತದ ಶಕ್ತಿ ಮತ್ತು ಮಿತಿಗಳೆರಡೂ ಸ್ಪಷ್ಟವಾಗುತ್ತವೆ.

ಯಲಹಂಕ ಒಂದು ನಾಡಿನ ಕೇಂದ್ರವಾಗಿದ್ದುದು ಈ ಮನೆತನಕ್ಕಿಂತ ಬಹಳ ಹಿಂದಿನಿಂದ. ಚೋಳರ ಮತ್ತು ಹೊಯ್ಸಳರ ಕಾಲದ ತಮಿಳು ಶಾಸನಗಳಲ್ಲಿ ಅದು ಇಲೈಪಾಕ್ಕ ನಾಡು ಎಂಬ ಹೆಸರಿನಲ್ಲಿ ಕಾಣಿಸಿಕೊಳ್ಳುತ್ತದೆ. ಬೆಂಗಳೂರು ಎಂಬ ಹೆಸರು ಕೂಡ ಕೆಂಪೇಗೌಡನ ಸೃಷ್ಟಿಯಲ್ಲ. ಬೇಗೂರಿನಲ್ಲಿ ದೊರೆತ, ಸುಮಾರು ಕ್ರಿ.ಶ. 890ರ ವೀರಗಲ್ಲು ಬೆಂಗಳೂರಿನ ಕಾಳಗವನ್ನು ಉಲ್ಲೇಖಿಸುತ್ತದೆ. ಅರಸು ಮನೆತನಗಳು ಬದಲಾದರೂ ನಾಡು ಎಂಬ ಆಡಳಿತ ಘಟಕ ಉಳಿದುಕೊಂಡಿತ್ತು. ಗಂಗರು, ಚೋಳರು, ಹೊಯ್ಸಳರು, ವಿಜಯನಗರದವರು ಒಬ್ಬರ ನಂತರ ಒಬ್ಬರು ಬಂದಾಗಲೂ ಹೊಲದ ಗಡಿ, ಕೆರೆಯ ತೂಬು, ಊರಿನ ಲೆಕ್ಕಗಳನ್ನು ಬಲ್ಲ ಸ್ಥಳೀಯ ಪ್ರಮುಖರಿಲ್ಲದೆ ಆಳ್ವಿಕೆ ನಡೆಯುವಂತಿರಲಿಲ್ಲ. ನಾಡಪ್ರಭುಗಳ ಅಧಿಕಾರ ಬೇರೂರಿದ್ದುದು ಈ ಅನಿವಾರ್ಯತೆಯಲ್ಲಿ.

ಮೊರಸು ಒಕ್ಕಲು ಸಮುದಾಯಕ್ಕೆ ಸೇರಿದ ಈ ಮನೆತನದ ಮೂಲವನ್ನು ಪರಂಪರೆಯು ಆವತಿಯ ರಣಭೈರೇಗೌಡನೊಂದಿಗೆ ಜೋಡಿಸುತ್ತದೆ. ಕಂಚಿಯ ಕಡೆಯಿಂದ ಬಂಡಿಗಳಲ್ಲಿ ಹೊರಟು ಬಂದ ಸೋದರರು ನಂದಿಬೆಟ್ಟದ ಸುತ್ತಲಿನ ಸೀಮೆಯಲ್ಲಿ ನೆಲೆನಿಂತರೆಂಬ ಕಥೆ ಪ್ರಸಿದ್ಧವಾಗಿದೆ. ದೇವನಹಳ್ಳಿ, ದೊಡ್ಡಬಳ್ಳಾಪುರ, ಚಿಕ್ಕಬಳ್ಳಾಪುರಗಳ ಪಾಳೆಯಗಾರ ಮನೆತನಗಳು ಇದೇ ಮೂಲವನ್ನು ಹೇಳಿಕೊಳ್ಳುತ್ತವೆ. ಇವರಲ್ಲಿ ಜಯಗೌಡನ ಶಾಖೆ ಯಲಹಂಕದಲ್ಲಿ ನೆಲೆಯೂರಿ ವಿಜಯನಗರದ ಸಾಮಂತಿಕೆಯನ್ನು ಒಪ್ಪಿಕೊಂಡಿತು. ಈ ಶಾಖೆಯ ಕೆಂಪನಂಜೇಗೌಡನ ಮಗನಾಗಿ ಕೆಂಪೇಗೌಡನು ಹುಟ್ಟಿದ ವರ್ಷವನ್ನು ಸಾಮಾನ್ಯವಾಗಿ 1510 ಎಂದು ಗುರುತಿಸಲಾಗುತ್ತದೆ. ಹೆಸರಘಟ್ಟದ ಸಮೀಪದ ಐಗಂಡಪುರದ ಗುರುಕುಲದಲ್ಲಿ ಆತನು ಓದು, ಶಸ್ತ್ರವಿದ್ಯೆ ಮತ್ತು ರಾಜನೀತಿಗಳನ್ನು ಕಲಿತನೆಂದು ಪ್ರತೀತಿ. ಬಾಲ್ಯ ಕಳೆದದ್ದು ಕೃಷ್ಣದೇವರಾಯನ ಆಳ್ವಿಕೆಯಲ್ಲಿ. ಆತನು ಅಧಿಕಾರದಲ್ಲಿ ಬಲಗೊಂಡದ್ದು 1529ರಲ್ಲಿ ಪಟ್ಟಕ್ಕೆ ಬಂದ ಅಚ್ಯುತರಾಯನ ಕಾಲದಲ್ಲಿ.

ಆತನಿಗೆ ಪಿತ್ರಾರ್ಜಿತವಾಗಿ ಬಂದ ಅಧಿಕಾರದ ರಚನೆಯನ್ನು ಇಲ್ಲಿ ಗಮನಿಸಬೇಕು. ಅದರ ತಳದಲ್ಲಿದ್ದುದು ಹಳ್ಳಿ. ಹಳ್ಳಿಯ ಮುಖ್ಯಸ್ಥನಾದ ಗೌಡನು ಕಂದಾಯ ವಸೂಲಿಗೆ ಹೊಣೆಗಾರ. ಸೇನಬೋವ ಅಥವಾ ಶಾನುಭೋಗನು ಹೊಲ, ಬೆಳೆ, ಬಾಕಿಗಳ ಲೆಕ್ಕವನ್ನು ಬರೆದಿಡುವವನು. ತಳವಾರನು ರಾತ್ರಿ ಗಸ್ತು ತಿರುಗಿ, ಹೊರಗಿನಿಂದ ಬಂದವರನ್ನು ಗಮನಿಸಿ, ಕಳ್ಳರ ಜಾಡು ಹಿಡಿಯುವವನು. ತೋಟಿಯು ಬೆಳೆಯನ್ನೂ ಎಲ್ಲೆಯನ್ನೂ ಕಾಯುವವನು. ನೀರುಗಂಟಿಯು ಕೆರೆಯ ನೀರನ್ನು ಸರದಿಯ ಪ್ರಕಾರ ಬಿಡುವವನು. ಕಮ್ಮಾರ, ಬಡಗಿ, ಕುಂಬಾರ, ಅಗಸ ಮೊದಲಾದವರನ್ನು ಸೇರಿಸಿಕೊಂಡ ಈ ಹನ್ನೆರಡು ಆಯಗಾರರ ವ್ಯವಸ್ಥೆಯಲ್ಲಿ ಯಾರಿಗೂ ರಾಜನ ಬೊಕ್ಕಸದಿಂದ ಸಂಬಳವಿರಲಿಲ್ಲ. ಸುಗ್ಗಿಯ ಕಣದಲ್ಲಿ ಸಿಗುವ ಆಯ ಮತ್ತು ಮಾನ್ಯದ ಭೂಮಿಯೇ ಅವರ ಜೀವನಾಧಾರ. ತೆರಿಗೆ ವಸೂಲಿ ಮಾಡುವವನೂ ಕಾವಲು ಕಾಯುವವನೂ ಅದೇ ಊರಿನ ಬೆಳೆಯನ್ನು ಉಣ್ಣುವವರಾದ್ದರಿಂದ ಬೆಳೆ ಹೋದರೆ ನಷ್ಟ ಅವರಿಗೂ ತಟ್ಟುತ್ತಿತ್ತು. ಈ ವ್ಯವಸ್ಥೆಯ ಬಾಳಿಕೆಗೆ ಇದೂ ಒಂದು ಕಾರಣ.

ಹಳ್ಳಿಗಳ ಮೇಲಿನ ಹಂತದಲ್ಲಿ ನಾಡಪ್ರಭುವಿದ್ದನು. ಗೌಡರಿಂದ ಬಂದ ಕಂದಾಯದಲ್ಲಿ ನಿಗದಿತ ಮೊತ್ತವನ್ನು ರಾಜಧಾನಿಗೆ ಸಲ್ಲಿಸುವುದು, ಕರೆ ಬಂದಾಗ ಸೈನ್ಯದೊಡನೆ ಹೋಗುವುದು, ನಾಡಿನ ವ್ಯಾಜ್ಯಗಳನ್ನು ಬಗೆಹರಿಸುವುದು, ದಾರಿಗಳ್ಳರನ್ನು ಅಡಗಿಸುವುದು ಆತನ ಕರ್ತವ್ಯಗಳು. ದಕ್ಷಿಣ ಭಾರತದ ಕಾವಲು ಪದ್ಧತಿಯಲ್ಲಿ ಕಾವಲಿನ ಹಕ್ಕು ಒಂದು ಆದಾಯವೂ ಆಗಿತ್ತು, ಹೊಣೆಯೂ ಆಗಿತ್ತು. ಕಾವಲು ಹಣವನ್ನು ಪಡೆದವನು ಕಳವಾದ ಸೊತ್ತನ್ನು ಪತ್ತೆಮಾಡಿಕೊಡಬೇಕು. ಆಗದಿದ್ದರೆ ನಷ್ಟವನ್ನು ತಾನೇ ತುಂಬಿಕೊಡಬೇಕು. ಹೀಗಾಗಿ ತೆರಿಗೆಯ ಅಧಿಕಾರಕ್ಕೆ ಕಾವಲಿನ ಸಾಮರ್ಥ್ಯವೇ ಸಮರ್ಥನೆಯಾಗಿತ್ತು. ದಾರಿ ಸುರಕ್ಷಿತವಾಗಿದ್ದರೆ ವರ್ತಕರು ಬರುತ್ತಾರೆ, ವರ್ತಕರು ಬಂದರೆ ಸುಂಕ ಬೆಳೆಯುತ್ತದೆ, ಸುಂಕ ಬೆಳೆದರೆ ಕಾವಲಿಗೆ ಬಲ ಬರುತ್ತದೆ. ಕೆಂಪೇಗೌಡನ ಸಾಧನೆಯ ತಿರುಳಿರುವುದು ಈ ಸರಪಣಿಯನ್ನು ಅರಿತು, ಅದಕ್ಕೆ ಒಂದು ನಗರದ ರೂಪ ಕೊಟ್ಟುದರಲ್ಲಿ.

1537ರಲ್ಲಿ ಆರಂಭವಾಯಿತೆನ್ನಲಾದ ಬೆಂಗಳೂರು ಕೋಟೆಯ ನಿರ್ಮಾಣವನ್ನು ಈ ದೃಷ್ಟಿಯಿಂದಲೇ ಗ್ರಹಿಸಬೇಕಾಗಿದೆ. ದೊಡ್ಡಪೇಟೆ, ಚಿಕ್ಕಪೇಟೆಗಳು ಸೇರುವ ಚೌಕದಿಂದ ನಾಲ್ಕು ಜೊತೆ ಎತ್ತುಗಳನ್ನು ನಾಲ್ಕು ದಿಕ್ಕಿಗೆ ಉಳಿಸಿ ಬೀದಿಗಳ ಜಾಡನ್ನು ಗುರುತಿಸಲಾಯಿತೆಂಬ ಐತಿಹ್ಯವಿದೆ. ಮಣ್ಣಿನ ಕೋಟೆಗೆ ಹಲಸೂರು, ಯಲಹಂಕ, ಆನೇಕಲ್ಲು ಮತ್ತು ಸೊಂಡೆಕೊಪ್ಪದ ಕಡೆಗೆ ತೆರೆಯುವ ಮುಖ್ಯ ದ್ವಾರಗಳಿದ್ದವು. ಕೋಟೆಯ ಬಾಗಿಲು ಶತ್ರುವನ್ನು ತಡೆಯುವ ಸ್ಥಳವಷ್ಟೇ ಅಲ್ಲ; ಸರಕನ್ನು ನಿಲ್ಲಿಸಿ ಸುಂಕ ಪಡೆಯುವ, ಬಂದವರು ಹೋದವರ ಮೇಲೆ ಕಣ್ಣಿಡುವ ಸ್ಥಳವೂ ಹೌದು. ರಾತ್ರಿ ಬಾಗಿಲು ಮುಚ್ಚಿದ ಮೇಲೆ ಒಳಗಿನ ಸರಕಿನ ಹೊಣೆ ಪ್ರಭುವಿನದು. ಹೇರು ಹೊತ್ತ ಎತ್ತುಗಳೊಡನೆ ಬರುವ ವರ್ತಕನಿಗೆ ಈ ಭರವಸೆಯೇ ಪೇಟೆಯ ಮುಖ್ಯ ಆಕರ್ಷಣೆ.

ಪೇಟೆಯ ಒಳವಿನ್ಯಾಸವೂ ಇದಕ್ಕೆ ಅನುಗುಣವಾಗಿತ್ತು. ಅಕ್ಕಿಪೇಟೆ, ರಾಗಿಪೇಟೆ, ಬಳೇಪೇಟೆ, ಅರಳೆಪೇಟೆ, ಕುಂಬಾರಪೇಟೆ, ಗಾಣಿಗರಪೇಟೆ, ಉಪ್ಪಾರಪೇಟೆ, ನಗರ್ತಪೇಟೆಗಳೆಂಬ ಹೆಸರುಗಳು ಸರಕು ಮತ್ತು ಕಸುಬುಗಳನ್ನೇ ಸೂಚಿಸುತ್ತವೆ. ಇವೆಲ್ಲವೂ ಒಂದೇ ಕಾಲದಲ್ಲಿ ರೂಪುಗೊಂಡವೆಂದು ಭಾವಿಸಬೇಕಾಗಿಲ್ಲ. ಆದರೆ ಕಸುಬಿಗೊಂದು ಬೀದಿ ಎಂಬ ತತ್ತ್ವ ಸ್ಪಷ್ಟವಾಗಿದೆ. ವಿಜಯನಗರ ಕಾಲದ ಶಾಸನಗಳಲ್ಲಿ ಮಗ್ಗದೆರೆ, ಗಾಣದೆರೆ, ಕುಂಬಾರದೆರೆ, ಮನೆವಣಗಳಂಥ ತೆರಿಗೆಗಳು ಮತ್ತೆ ಮತ್ತೆ ಕಾಣಿಸಿಕೊಳ್ಳುತ್ತವೆ. ಭೂಮಿಯ ಮೇಲಿನ ಸಿದ್ಧಾಯಕ್ಕಿಂತ ಭಿನ್ನವಾದ ಈ ತೆರಿಗೆಗಳು ಉಪಕರಣವನ್ನೂ ಮನೆಯನ್ನೂ ಎಣಿಸಿ ವಿಧಿಸುವಂಥವು. ಒಂದೇ ಕಸುಬಿನವರು ಒಂದೇ ಬೀದಿಯಲ್ಲಿದ್ದಾಗ ಎಣಿಕೆ ಸುಲಭ. ಅವರ ಹಿರಿಯನೊಬ್ಬನ ಮೂಲಕ ಒಟ್ಟಾಗಿ ವಸೂಲಿ ಮಾಡುವುದೂ ಸುಲಭ. ಕಸುಬುದಾರರಿಗೂ ಇದರಿಂದ ಅನುಕೂಲವಿತ್ತು. ಒಬ್ಬಂಟಿ ನೇಕಾರನಿಗೆ ಇಲ್ಲದ ಚೌಕಾಸಿಯ ಬಲ ನೇಕಾರರ ಬೀದಿಗೆ ಇರುತ್ತಿತ್ತು.

ನಗರಕ್ಕೆ ನೀರೂ ಬೇಕು, ಆಹಾರವೂ ಬೇಕು. ಧರ್ಮಾಂಬುಧಿ ಮತ್ತು ಕೆಂಪಾಂಬುಧಿ ಕೆರೆಗಳು ಈ ಅಗತ್ಯದಿಂದ ಹುಟ್ಟಿದವು. ವರ್ಷವಿಡೀ ಹರಿಯುವ ದೊಡ್ಡ ನದಿಯಿಲ್ಲದ ಈ ಮೈದಾನದಲ್ಲಿ ಕೆರೆಯೇ ಕಂದಾಯದ ಮೂಲ. ಮಳೆಯನ್ನೇ ನಂಬಿದ ಬೆದ್ದಲು ರಾಗಿ ಕೊಟ್ಟರೆ, ಕೆರೆಯ ಕೆಳಗಿನ ಗದ್ದೆ ಭತ್ತವನ್ನೂ ಅದರಿಂದ ಹೆಚ್ಚಿನ ಕಂದಾಯವನ್ನೂ ಕೊಡುತ್ತಿತ್ತು. ಕೆರೆ ಕಟ್ಟಿದವನಿಗೆ ಅಥವಾ ದುರಸ್ತಿ ಮಾಡಿದವನಿಗೆ ದಸವಂದ, ಕಟ್ಟುಕೊಡಗೆಗಳೆಂಬ ಭೂಮಾನ್ಯ ನೀಡುವ ಪದ್ಧತಿ ಅಂದು ವ್ಯಾಪಕವಾಗಿತ್ತು. ಕೆರೆ ನಿರ್ಮಾಣ ಪುಣ್ಯಕಾರ್ಯವಾಗಿದ್ದಂತೆ ಆಡಳಿತದ ವಿವೇಕವೂ ಆಗಿತ್ತು. ಹಲಸೂರಿನ ಸೋಮೇಶ್ವರ, ಗವಿಪುರದ ಗಂಗಾಧರೇಶ್ವರ ಮತ್ತು ಬಸವನಗುಡಿಯ ದೊಡ್ಡ ಬಸವಣ್ಣನ ದೇವಾಲಯಗಳೊಂದಿಗೂ ಕೆಂಪೇಗೌಡನ ಹೆಸರು ಸೇರಿಕೊಂಡಿದೆ.

ಅಚ್ಯುತರಾಯನು ಈ ಕಾರ್ಯಗಳನ್ನು ಮೆಚ್ಚಿ ಬೆಂಗಳೂರಿನ ಸುತ್ತಲಿನ 12 ಹೋಬಳಿಗಳನ್ನು ಬಿಟ್ಟುಕೊಟ್ಟನೆಂದೂ ಅವುಗಳ ವಾರ್ಷಿಕ ಹುಟ್ಟುವಳಿ 30,000 ವರಹಗಳೆಂದೂ ಪರಂಪರೆಯ ದಾಖಲೆಗಳು ತಿಳಿಸುತ್ತವೆ. ಈ ಹೋಬಳಿಗಳ ಪಟ್ಟಿಗಳಲ್ಲಿ ಹಲಸೂರು, ವರ್ತೂರು, ಜಿಗಣಿ, ತಲಘಟ್ಟಪುರಗಳೊಂದಿಗೆ ಪಶ್ಚಿಮದ ಕೆಂಗೇರಿ, ಕುಂಬಳಗೋಡು ಕೂಡ ಸೇರುತ್ತವೆ. ಇಂದಿನ ಪಶ್ಚಿಮ ಬೆಂಗಳೂರಿನ ದೃಷ್ಟಿಯಿಂದ ಇದು ಮಹತ್ವದ ಸಂಗತಿ. ಕೆಂಗೇರಿ, ಕುಂಬಳಗೋಡುಗಳು ಕಾವೇರಿ ಕಣಿವೆಯ ಕಡೆಗೆ ಸಾಗುವ ದಾರಿಯಲ್ಲಿವೆ. ವಾಯವ್ಯದಲ್ಲಿ ಸೊಂಡೆಕೊಪ್ಪದ ಹಾದಿ, ಪಶ್ಚಿಮದಲ್ಲಿ ಮಾಗಡಿಯ ಹಾದಿ. ಇಂದು ರಾಜಾಜಿನಗರ, ವಿಜಯನಗರ, ಬಸವೇಶ್ವರನಗರ ಬಡಾವಣೆಗಳು ಹರಡಿಕೊಂಡಿರುವ ನೆಲ ಅಂದು ಪೇಟೆಯ ಕೋಟೆಗೆ ಹೊರಗಿದ್ದ ಹೊಲ, ಕೆರೆ, ತೋಪುಗಳ ಸೀಮೆ. ಪಶ್ಚಿಮದ ಕಾಡುಬೆಟ್ಟಗಳಿಂದ ಪೇಟೆಗೆ ಬರುವ ಸರಕು ಈ ಸೀಮೆಯನ್ನು ದಾಟಿ ಬರಬೇಕಾಗಿತ್ತು. ಈ ದಾರಿಗಳ ಕಾವಲು ಕೈತಪ್ಪಿದರೆ ಪೇಟೆಯ ಸುಂಕವೂ ಕೈತಪ್ಪುತ್ತಿತ್ತು. ಮನೆತನದ ಮುಂದಿನ ತಲೆಮಾರು ಇದೇ ದಿಕ್ಕಿನಲ್ಲಿ ಆಶ್ರಯ ಪಡೆದುದು ಆಕಸ್ಮಿಕವಲ್ಲ.

ನಿರ್ಮಾಣಕ್ಕೆ ತೆತ್ತ ಬೆಲೆಯನ್ನೂ ಜನರ ನೆನಪು ಕಾಪಾಡಿಕೊಂಡಿದೆ. ಕೋಟೆಯ ದಕ್ಷಿಣ ಬಾಗಿಲು ಮತ್ತೆ ಮತ್ತೆ ಕುಸಿದಾಗ ಸೊಸೆ ಲಕ್ಷ್ಮಮ್ಮ ಆತ್ಮಾರ್ಪಣೆ ಮಾಡಿಕೊಂಡಳೆಂಬ ಕಥೆ ಮತ್ತು ಕೋರಮಂಗಲದಲ್ಲಿರುವ ಆಕೆಯ ಸ್ಮಾರಕ ಇದಕ್ಕೆ ಸಾಕ್ಷಿ. ಇದನ್ನು ಚರಿತ್ರೆಯ ಘಟನೆಯೆಂದು ಸ್ಥಾಪಿಸುವುದಕ್ಕಿಂತ, ಬಿಟ್ಟಿ ದುಡಿಮೆಯು ಪ್ರಜೆಗಳ ಕರ್ತವ್ಯವೆನಿಸಿದ್ದ ಕಾಲದಲ್ಲಿ ಕೋಟೆಯ ಗೋಡೆಯೊಂದು ಮನುಷ್ಯ ಜೀವವನ್ನು ಬೇಡುತ್ತದೆ ಎಂಬ ಸಾಮೂಹಿಕ ಅರಿವಿನ ರೂಪಕವಾಗಿ ಓದುವುದು ಹೆಚ್ಚು ಉಚಿತ. ಇದಕ್ಕೆ ಭಿನ್ನವಾದ ಇನ್ನೊಂದು ನೆನಪೂ ಇದೆ. ಮೊರಸು ಒಕ್ಕಲಿನ ಹೆಣ್ಣುಮಕ್ಕಳ ಎಡಗೈಯ ಕೊನೆಯ ಎರಡು ಬೆರಳುಗಳ ತುದಿಯನ್ನು ಬಂಡಿದೇವರ ಹಬ್ಬದಲ್ಲಿ ಕತ್ತರಿಸುವ ಪದ್ಧತಿಯನ್ನು ನಿಷೇಧಿಸಿದವನು ಕೆಂಪೇಗೌಡನೆಂದು ಹೇಳಲಾಗುತ್ತದೆ. ಆ ಪದ್ಧತಿ ನಂತರವೂ ಕೆಲವೆಡೆ ಮುಂದುವರಿದು 19ನೆಯ ಶತಮಾನದ ಬರಹಗಳಲ್ಲಿ ದಾಖಲಾಗಿದೆ. ತೆರಿಗೆ ಮತ್ತು ಕಾವಲಿನ ವಿಷಯದಲ್ಲಿ ಪ್ರಭುವಿನ ಮಾತು ನಡೆದಷ್ಟು ಸುಲಭವಾಗಿ ಕುಲಾಚಾರದ ವಿಷಯದಲ್ಲಿ ನಡೆಯಲಿಲ್ಲವೆಂಬುದನ್ನು ಇದು ತೋರಿಸುತ್ತದೆ.

ಕೆಂಪೇಗೌಡನ ಬದುಕಿನ ನಿರ್ಣಾಯಕ ಘಟ್ಟ ಬಂದದ್ದು ಸದಾಶಿವರಾಯನ ಹೆಸರಿನಲ್ಲಿ ಅಳಿಯ ರಾಮರಾಯನು ರಾಜ್ಯವಾಳುತ್ತಿದ್ದಾಗ. ಪೇಟೆಯ ವ್ಯಾಪಾರ ಬೆಳೆದಂತೆ ಕೆಂಪೇಗೌಡನು ತನ್ನ ಕುಲದೈವವಾದ ಭೈರವನ ಹೆಸರಿನಲ್ಲಿ ನಾಣ್ಯಗಳನ್ನು ಟಂಕಿಸಿದನು. ವ್ಯಾಪಾರದ ಕೇಂದ್ರವೊಂದಕ್ಕೆ ನಾಣ್ಯದ ಅಗತ್ಯ ಸಹಜವಾದುದು. ಆದರೆ ನಾಣ್ಯ ಬರಿಯ ಲೋಹದ ತುಂಡಲ್ಲ. ತೆರಿಗೆ ಯಾವ ನಾಣ್ಯದಲ್ಲಿ ಸಲ್ಲಬೇಕೆಂದು ನಿರ್ಧರಿಸುವವನೇ ಸಾರ್ವಭೌಮ. ನಾಡಪ್ರಭುವು ಅರಸನ ಹೆಸರಿನಲ್ಲಿ ತೆರಿಗೆ ಎತ್ತಬಹುದು, ಅದರ ಭಾಗವನ್ನು ಉಣ್ಣಬಹುದು, ಅದಕ್ಕಾಗಿ ದಂಡ ಹಿಡಿಯಲೂಬಹುದು. ಮುದ್ರೆ ಮಾತ್ರ ಆತನದಲ್ಲ. ತೆರಿಗೆಯನ್ನು ಮನ್ನಾ ಮಾಡುವ ಹಿರಿಮೆಯ ಬಗೆಗೂ ವಿಜಯನಗರದ ಅರಸರು ಇದೇ ಎಚ್ಚರವನ್ನು ತೋರಿದ್ದರು. ಕೃಷ್ಣದೇವರಾಯನ ಕಾಲದಲ್ಲಿ ಮದುವೆ ಸುಂಕ ಹಲವು ಸೀಮೆಗಳಲ್ಲಿ ಮನ್ನಾ ಆದದ್ದು, ರಾಮರಾಯನ ಕಾಲದಲ್ಲಿ ಬಾದಾಮಿಯ ಕೊಂಡೋಜ ಮತ್ತು ಸಂಗಡಿಗರ ಮೂಲಕ ನಾಯಿಂದರ ತೆರಿಗೆ ಮನ್ನಾ ಆದದ್ದು ಶಾಸನಗಳಲ್ಲಿ ಅರಸರ ಅನುಗ್ರಹವಾಗಿಯೇ ದಾಖಲಾಗಿವೆ.

ನೆರೆಯ ಪಾಳೆಯಗಾರರ ದೂರು ರಾಜಧಾನಿಯನ್ನು ತಲುಪಿತು. ಕೆಂಪೇಗೌಡನನ್ನು ಆನೆಗೊಂದಿಯಲ್ಲಿ ಸೆರೆಯಲ್ಲಿಡಲಾಯಿತು. ಆತನ ಸೀಮೆಯನ್ನು ಮುಟ್ಟುಗೋಲು ಹಾಕಿಕೊಳ್ಳಲಾಯಿತು. ಐದು ವರ್ಷಗಳ ನಂತರ ಭಾರಿ ದಂಡವನ್ನು ತೆತ್ತು ಆತನು ಬಿಡುಗಡೆ ಹೊಂದಿದನು; ಸೀಮೆಯೂ ಮರಳಿ ದೊರೆಯಿತು. ಈ ಘಟನೆಯನ್ನು ಅಸೂಯೆಯ ಫಲವೆಂದಷ್ಟೇ ವಿವರಿಸುವುದು ರೂಢಿ. ಆದರೆ ಇಲ್ಲಿ ಎರಡು ಸಂಗತಿಗಳು ಒಟ್ಟಿಗೆ ವ್ಯಕ್ತವಾಗುತ್ತವೆ. ಎಲ್ಲೆ ಮೀರಿದ ಅಧೀನ ಅಧಿಕಾರಿಯನ್ನು ಶಿಕ್ಷಿಸುವ ಶಕ್ತಿ ಕೇಂದ್ರಕ್ಕೆ ಇನ್ನೂ ಇತ್ತೆಂಬುದು ಒಂದು. ಶಿಕ್ಷಿಸಿದ ಮೇಲೂ ಆತನನ್ನೇ ಮರಳಿ ನೇಮಿಸಬೇಕಾಯಿತೆಂಬುದು ಇನ್ನೊಂದು. ಹಳ್ಳಿಗಳ ಗೌಡರು, ತಳವಾರರು, ಪೇಟೆಯ ವರ್ತಕರು ಯಾರ ಮಾತನ್ನು ಕೇಳುತ್ತಿದ್ದರೋ ಅಂಥವನನ್ನು ಬಿಟ್ಟು ಆ ಸೀಮೆಯ ತೆರಿಗೆ ಮತ್ತು ಕಾವಲನ್ನು ನಡೆಸುವುದು ರಾಜಧಾನಿಗೆ ಸುಲಭವಾಗಿರಲಿಲ್ಲ.

ಸೆರೆಯಿಂದ ಮರಳಿದ ಕೆಂಪೇಗೌಡನು ನಿರ್ಮಾಣ ಕಾರ್ಯಗಳನ್ನು ಮುಂದುವರಿಸಿದನು. 1565ರ ಜನವರಿಯಲ್ಲಿ ರಕ್ಕಸತಂಗಡಿಯ ಕಾಳಗದಲ್ಲಿ ರಾಮರಾಯನು ಮಡಿದು, ರಾಜಧಾನಿ ಪಾಳಾಗಿ, ಅರಸರು ಪೆನುಗೊಂಡೆಗೆ ಸರಿದರು. ತನ್ನನ್ನು ಶಿಕ್ಷಿಸಿದ ಅಧಿಕಾರವೇ ಕುಸಿದುದನ್ನು ಆತನು ಕಂಡನು. ಆದರೆ ಬೆಂಗಳೂರು ಉಳಿಯಿತು. ಆತನ ಮರಣ 1569ರಲ್ಲಿ ಸಂಭವಿಸಿತೆಂದು ಹೇಳಲಾಗುತ್ತದೆ. 2015ರಲ್ಲಿ ಮಾಗಡಿ ತಾಲ್ಲೂಕಿನ ಕೆಂಪಾಪುರದಲ್ಲಿ ಮಂಟಪರೂಪದ ಸಮಾಧಿಯೊಂದನ್ನು ಆತನದೆಂದು ಗುರುತಿಸಲಾಯಿತು. ವ್ಯಾಜ್ಯವೊಂದನ್ನು ಬಗೆಹರಿಸಿ ಹಿಂದಿರುಗುವ ದಾರಿಯಲ್ಲಿ ನಡೆದ ಹೊಡೆದಾಟದಲ್ಲಿ ಆತನು ಮಡಿದನೆಂಬ ವಿವರಣೆ ಈ ಸ್ಥಳದೊಂದಿಗೆ ಪ್ರಚಲಿತವಾಗಿದೆ. ಅದು ನಾಡಪ್ರಭುವಿನ ನಿತ್ಯಕರ್ತವ್ಯದ ನಡುವೆಯೇ ಒದಗಿದ ಸಾವು.

1638ರಲ್ಲಿ ಬಿಜಾಪುರದ ರಣದುಲ್ಲಾಖಾನನು ಬೆಂಗಳೂರನ್ನು ವಶಪಡಿಸಿಕೊಂಡಾಗ ಈ ಮನೆತನವು ಮಾಗಡಿಗೆ ಸರಿಯಬೇಕಾಯಿತು. 1728ರಲ್ಲಿ ಮೈಸೂರಿನ ಸೈನ್ಯ ಮಾಗಡಿಯನ್ನು ಗೆದ್ದಾಗ ಮನೆತನದ ಆಳ್ವಿಕೆ ಕೊನೆಗೊಂಡಿತು. ಕೊನೆಯ ಪ್ರಭು ಶ್ರೀರಂಗಪಟ್ಟಣದ ಸೆರೆಯಲ್ಲಿ ತೀರಿಕೊಂಡನು. ಬಿಜಾಪುರ, ಮೊಗಲರು, ಮೈಸೂರು ಅರಸರು ಒಬ್ಬರಾದ ಮೇಲೆ ಒಬ್ಬರು ಬೆಂಗಳೂರನ್ನು ಬಯಸಿದ್ದು ಅದರ ಪೇಟೆ ಕೊಡುತ್ತಿದ್ದ ಆದಾಯಕ್ಕಾಗಿ ಎಂಬುದರಲ್ಲಿ ಸಂದೇಹವಿಲ್ಲ. ಗೌಡ, ಶಾನುಭೋಗ, ತಳವಾರ, ತೋಟಿಗಳ ವ್ಯವಸ್ಥೆಯೂ ಈ ಎಲ್ಲ ಆಳ್ವಿಕೆಗಳನ್ನು ದಾಟಿ ಬ್ರಿಟಿಷರ ಕಾಲಕ್ಕೂ ಮುಂದುವರಿಯಿತು.

ಹಿರಿಯ ಕೆಂಪೇಗೌಡನನ್ನು ಸ್ವತಂತ್ರ ಅರಸನ ಎತ್ತರಕ್ಕೆ ಏರಿಸುವ ಪ್ರಯತ್ನಗಳಲ್ಲಿ ಆತನ ನಿಜವಾದ ಹಿರಿಮೆ ಮಸುಕಾಗುವ ಅಪಾಯವಿದೆ. ಅರಸನಾಗದೆಯೂ ಆತನು ನಗರವನ್ನು ಕಟ್ಟಿದನು. ಊರಿನ ಕಣ, ಕೆರೆಯ ತೂಬು, ಕೋಟೆಯ ಬಾಗಿಲು, ವರ್ತಕನ ಹೇರು ಇವುಗಳನ್ನು ಒಂದೇ ಲೆಕ್ಕದಲ್ಲಿ ತರಬಲ್ಲ ಸ್ಥಳೀಯ ಅಧಿಕಾರಿಯ ತಿಳುವಳಿಕೆಯೇ ಆತನ ಬಂಡವಾಳವಾಗಿತ್ತು. ಆತನು ಟಂಕಿಸಿದ ನಾಣ್ಯ ಆತನನ್ನು ಸೆರೆಗೆ ತಳ್ಳಿತು. ಆತನು ಕಾಯ್ದ ದಾರಿ, ಪೇಟೆಗಳು ಆತನನ್ನು ಅಧಿಕಾರಕ್ಕೆ ಮರಳಿಸಿದವು. ಮಧ್ಯಕಾಲೀನ ಕರ್ನಾಟಕದಲ್ಲಿ ಅಧಿಕಾರವೆಂಬುದು ಸಿಂಹಾಸನದಿಂದ ಕೆಳಗಿಳಿದು ಬಂದಷ್ಟೇ ಹಳ್ಳಿಯ ಕಣದಿಂದ ಮೇಲೇರಿಯೂ ಬಂದಿತ್ತೆಂಬುದಕ್ಕೆ ಆತನ ಜೀವನ ಬಲವಾದ ನಿದರ್ಶನವಾಗಿದೆ.